ಹೆಡ್ ಬೋಲ್ಟ್ ಟೈಟ್ ಮಾಡುವ ಸರಿಯಾದ ಕ್ರಮ

“ಹೆಡ್ ಬೋಲ್ಟ್ ಎಷ್ಟು ಟೈಟ್ ಮಾಡಬೇಕು?” ಹೆಡ್ ಗ್ಯಾಸ್ಕೆಟ್ ಬದಲಿಸಲು ಕೂತವರು ನನ್ನನ್ನು ಮತ್ತೆ ಮತ್ತೆ ಕೇಳುವ ಪ್ರಶ್ನೆ ಇದು. ಹೆಡ್ ಅಂದರೆ ಎಂಜಿನ್ನಿನ ಮೇಲ್ಮುಚ್ಚಳ, ಬ್ಲಾಕ್ ಅಂದರೆ ಸಿಲಿಂಡರ್‌ಗಳಿರುವ ಕೆಳಭಾಗ, ಗ್ಯಾಸ್ಕೆಟ್ ಅಂದರೆ ಎರಡರ ನಡುವೆ ಸೋರದಂತೆ ಕೂರಿಸುವ ತೆಳು ಹಾಳೆ. ಅವರಿಗೆ ಬೇಕಿರುವುದು ಒಂದು ನಂಬರ್. ಕೊಡುವುದೇನೋ ಸುಲಭ. ಆದರೆ ಅದೇ ನಂಬರಿಗೆ ಟೈಟ್ ಮಾಡಿದ ಎರಡು ಎಂಜಿನ್‌ಗಳಲ್ಲಿ ಒಂದು ವರ್ಷಗಟ್ಟಲೆ ಓಡುತ್ತದೆ, ಇನ್ನೊಂದು ತಿಂಗಳಲ್ಲೇ ಮತ್ತೆ ಕೂಲಂಟ್, ಅಂದರೆ ಎಂಜಿನ್ ತಣಿಸುವ ನೀರು, ಕುಡಿಯಲು ಶುರು ಮಾಡುತ್ತದೆ. ಯಾಕೆ ಅಂತ ಹುಡುಕಿದರೆ ಹೆಚ್ಚಿನ ಸಲ ತಪ್ಪು ಸಿಗುವುದು ರೆಂಚ್ ಕೈಗೆತ್ತಿಕೊಳ್ಳುವ ಮೊದಲೇ. ಹಾಗಾಗಿ ಇಲ್ಲಿ ನಂಬರಿಗಿಂತ ಮುಂಚಿನ ಕೆಲಸಕ್ಕೆ ಜಾಸ್ತಿ ಜಾಗ ಕೊಟ್ಟಿದ್ದೇನೆ.

ಉದಾಹರಣೆಗೆ 1.3 ಲೀಟರ್ ಮಲ್ಟಿಜೆಟ್ ಡೀಸೆಲ್ ಎಂಜಿನ್ ಇಟ್ಟುಕೊಳ್ಳೋಣ. ಫಿಯೆಟ್‌ನ ಈ 1248 ಸಿಸಿ ಎಂಜಿನ್ ನಮ್ಮಲ್ಲಿ ಸ್ವಿಫ್ಟ್, ಡಿಸೈರ್, ರಿಟ್ಜ್, ಇಂಡಿಕಾ ವಿಸ್ಟಾ, ಪುಂಟೊ, ಲೀನಿಯಾ ಮುಂತಾದ ಕಾರುಗಳಲ್ಲಿ ಬಂತು. 2020ರಲ್ಲಿ ಬಿಎಸ್6 ಹೊಗೆ ನಿಯಮ ಬಂದ ಮೇಲೆ ಹೊಸ ಕಾರುಗಳಲ್ಲಿ ನಿಂತಿತು, ಆದರೆ ರಸ್ತೆಯಲ್ಲಿ ಇನ್ನೂ ಬೇಕಾದಷ್ಟು ಓಡುತ್ತಿವೆ. ಬ್ಲಾಕ್ ಬೀಡುಕಬ್ಬಿಣದ್ದು, ಹೆಡ್ ಅಲ್ಯೂಮಿನಿಯಂನದು. ನಿಮ್ಮದು ಬೇರೆ ಎಂಜಿನ್ ಆದರೂ ಕೆಲಸದ ಕ್ರಮ ಇದೇ. ಟಾರ್ಕ್ (ತಿರುಗಿಸುವ ಬಲ), ಡಿಗ್ರಿ, ಬೋಲ್ಟ್‌ಗಳ ಸರದಿ ಮಾತ್ರ ನಿಮ್ಮ ಎಂಜಿನ್ನಿನ ಸರ್ವಿಸ್ ಮ್ಯಾನ್ಯುಯಲ್ ನೋಡಿಯೇ ಹಾಕಬೇಕು.

ಬೋಲ್ಟ್ ಒಳಗೆ ಏನಾಗುತ್ತದೆ

ಇದೊಂದು ಅರ್ಥವಾದರೆ ಮುಂದಿನದೆಲ್ಲ ತಾನಾಗಿ ಅರ್ಥವಾಗುತ್ತದೆ. ಹೆಡ್ ಬೋಲ್ಟ್ ಅಂದರೆ ತುಂಬಾ ಗಟ್ಟಿಯಾದ ಒಂದು ಸ್ಪ್ರಿಂಗ್. ಟೈಟ್ ಮಾಡಿದಾಗ ಅದು ಕೂದಲೆಳೆಯಷ್ಟು ಉದ್ದವಾಗುತ್ತದೆ. ಹಾಗೆ ಎಳೆದ ಬೋಲ್ಟ್ ಮತ್ತೆ ಕುಗ್ಗಲು ನೋಡುತ್ತದೆ, ಆ ಎಳೆತವೇ ಹೆಡ್ಡನ್ನು ಬ್ಲಾಕಿಗೆ ಒತ್ತಿ ಹಿಡಿಯುತ್ತದೆ. ಗ್ಯಾಸ್ಕೆಟ್ ಸೀಲ್ ಆಗುವುದು ಈ ಒತ್ತಡದಿಂದ.

ಎಷ್ಟು ಒತ್ತಡ ಬೇಕು? ಈ ಎಂಜಿನ್ನಿನ ಬೋರ್, ಅಂದರೆ ಸಿಲಿಂಡರ್‌ನ ಒಳ ಅಗಲ, 69.6 ಮಿಲಿಮೀಟರ್. ಡೀಸೆಲ್ ಉರಿಯುವಾಗ ಒಳಗೆ 100 ಬಾರ್ ಒತ್ತಡ ಹುಟ್ಟುತ್ತದೆ ಅಂತ ಕಮ್ಮಿಯಲ್ಲೇ ಹಿಡಿಯಿರಿ. ಆಗಲೂ ಒಂದು ಸಿಲಿಂಡರ್ ಹೆಡ್ಡನ್ನು ಸುಮಾರು 3.9 ಟನ್ ಬಲದಿಂದ ಮೇಲಕ್ಕೆ ತಳ್ಳುತ್ತದೆ. ನಿಮಿಷಕ್ಕೆ ನೂರಾರು ಸಲ, ಜೋರಾಗಿ ಓಡುವಾಗ ಸಾವಿರಕ್ಕೂ ಹೆಚ್ಚು. ಅದನ್ನು ತಡೆಯುವುದು ಸುತ್ತಲಿನ ನಾಲ್ಕು ಬೋಲ್ಟ್‌ಗಳು. ಅವುಗಳಲ್ಲಿ ಒಂದು ಸಡಿಲವಿದ್ದರೂ ಗ್ಯಾಸ್ಕೆಟ್ ಅದೇ ಕಡೆಯಿಂದ ಹೋಗುತ್ತದೆ.

ಈಗ ಮುಖ್ಯ ವಿಷಯ. ಟಾರ್ಕ್ ರೆಂಚ್ ಈ ಎಳೆತವನ್ನು ಅಳೆಯುವುದಿಲ್ಲ. ಬೋಲ್ಟ್ ತಿರುಗಿಸಲು ಎಷ್ಟು ಬಲ ಬೇಕಾಯಿತು ಅಂತ ಮಾತ್ರ ಹೇಳುತ್ತದೆ. ಆ ಬಲದ ಅರ್ಧದಷ್ಟು ಬೋಲ್ಟ್ ತಲೆಯ ಕೆಳಗಿನ ಉಜ್ಜಾಟಕ್ಕೆ ಹೋಗುತ್ತದೆ. ಇನ್ನೊಂದು ದೊಡ್ಡ ಪಾಲು ಥ್ರೆಡ್‌ನ, ಅಂದರೆ ಬೋಲ್ಟಿನ ತಿರುಪು ಎಳೆಗಳ, ಉಜ್ಜಾಟಕ್ಕೆ. ಹೆಡ್ ಹಿಡಿಯುವ ಕೆಲಸಕ್ಕೆ ಉಳಿಯುವುದು ನೂರಕ್ಕೆ ಹೆಚ್ಚುಕಡಿಮೆ ಹತ್ತು. ಥ್ರೆಡ್‌ನಲ್ಲಿ ತುಕ್ಕು, ಕಸ ಇದ್ದರೆ ಆ ಹತ್ತೂ ಉಳಿಯುವುದಿಲ್ಲ. ರೆಂಚ್ ‘ಟಕ್’ ಅನ್ನುತ್ತದೆ, ಬೋಲ್ಟ್ ಮಾತ್ರ ಸರಿಯಾಗಿ ಎಳೆದೇ ಇರುವುದಿಲ್ಲ.

ಇದಕ್ಕಾಗಿಯೇ ಈಗಿನ ಎಂಜಿನ್‌ಗಳಲ್ಲಿ ಮೊದಲು ಸ್ವಲ್ಪ ಟಾರ್ಕ್, ಆಮೇಲೆ ಡಿಗ್ರಿ ಲೆಕ್ಕದಲ್ಲಿ ತಿರುಗಿಸುವ ಕ್ರಮ ಬಂತು. ಇಂತಿಷ್ಟು ಡಿಗ್ರಿ ತಿರುಗಿದರೆ ಥ್ರೆಡ್ ಇಂತಿಷ್ಟು ಒಳಗೆ ಹೋಗಲೇಬೇಕು. 1.25 ಮಿಲಿಮೀಟರ್ ಪಿಚ್ ಇರುವ ಬೋಲ್ಟ್ 90 ಡಿಗ್ರಿ ತಿರುಗಿದರೆ 0.31 ಮಿಲಿಮೀಟರ್ ಇಳಿಯುತ್ತದೆ. ಪಿಚ್ ಅಂದರೆ ಒಂದು ಎಳೆಯಿಂದ ಮುಂದಿನ ಎಳೆಗೆ ಇರುವ ದೂರ. ಇಲ್ಲಿ ಉಜ್ಜಾಟದ ಆಟ ಅಷ್ಟಾಗಿ ನಡೆಯುವುದಿಲ್ಲ. ಇಂಥ ಬೋಲ್ಟ್‌ಗಳಲ್ಲಿ ಹೆಚ್ಚಿನವನ್ನು ಮತ್ತೆ ಮೊದಲಿನ ಉದ್ದಕ್ಕೆ ಬಾರದಷ್ಟು ಎಳೆಯುತ್ತಾರೆ. ಇವನ್ನು ‘ಸ್ಟ್ರೆಚ್ ಬೋಲ್ಟ್’ ಅನ್ನುತ್ತಾರೆ. ಮಲ್ಟಿಜೆಟ್‌ನಲ್ಲಿರುವುದೂ ಇವೇ.

ಏನೇನು ಬೇಕು

ಕ್ಲಿಕ್ ಮಾದರಿಯ ಟಾರ್ಕ್ ರೆಂಚ್, ಅರ್ಧ ಇಂಚಿನ ಡ್ರೈವ್. ಡಿಗ್ರಿ ತಿರುಗಿಸಲು ಉದ್ದ ಹಿಡಿಯ ಬಾರ್. ಬೋಲ್ಟ್ ತಲೆಗೆ ಸರಿಯಾಗಿ ಕೂರುವ ಸಾಕೆಟ್ ಅಥವಾ ಬಿಟ್. ಎಷ್ಟು ಡಿಗ್ರಿ ತಿರುಗಿತು ಅಂತ ತೋರಿಸುವ ಆ್ಯಂಗಲ್ ಗೇಜ್ ಇದ್ದರೆ ಒಳ್ಳೆಯದು, ಇಲ್ಲದಿದ್ದರೆ ಬಿಳಿ ಪೇಂಟ್ ಸಾಕು. ಸ್ಟ್ರೇಟ್ ಎಡ್ಜ್, ಅಂದರೆ ಒಂಚೂರೂ ಬಾಗದ ಉಕ್ಕಿನ ಪಟ್ಟಿ. ಫೀಲರ್ ಗೇಜ್, ಅಂದರೆ ಸಂದು ಅಳೆಯುವ ತೆಳು ತಗಡುಗಳ ಕಟ್ಟು. ಗಾಳಿ ಹೊಡೆಯಲು ಕಂಪ್ರೆಸರ್, ಕಣ್ಣಿಗೆ ಕನ್ನಡಕ, ಎಂಜಿನ್ ಆಯಿಲ್, ನೂಲು ಬಿಡದ ಬಟ್ಟೆ.

ಹೊಸ ಗ್ಯಾಸ್ಕೆಟ್, ಹೊಸ ಬೋಲ್ಟ್‌ಗಳು ಬೇಕೇ ಬೇಕು. ಬೆಂಗಳೂರಿನ ಜೆ.ಸಿ. ರಸ್ತೆಯಲ್ಲಾಗಲಿ ನಿಮ್ಮೂರಿನ ಅಂಗಡಿಯಲ್ಲಾಗಲಿ, ಕೊಳ್ಳುವಾಗ ಪಾರ್ಟ್ ನಂಬರ್ ಹೇಳಿ ತೆಗೆದುಕೊಳ್ಳಿ. ಹಳೆ ಬೋಲ್ಟ್ ಒಂದನ್ನು ಜೇಬಲ್ಲಿ ಹಾಕಿಕೊಂಡು ಹೋಗಿ, ಉದ್ದ ಮತ್ತು ಥ್ರೆಡ್ ಪಕ್ಕದಲ್ಲಿಟ್ಟು ನೋಡಿ. ‘ಹಳೆ ಬೋಲ್ಟೇ ನಡೆಯುತ್ತೆ ಬಿಡಿ’ ಅನ್ನುವವರು ಸಿಗುತ್ತಾರೆ. ಒಮ್ಮೆ ಎಳೆದ ಸ್ಟ್ರೆಚ್ ಬೋಲ್ಟನ್ನು ಮತ್ತೆ ಎಳೆದರೆ ಕೈಯಲ್ಲೇ ತುಂಡಾಗಬಹುದು, ಇಲ್ಲವೇ ಹಿಡಿತ ಕಳೆದುಕೊಳ್ಳಬಹುದು. ಕೆಲವು ಕಂಪನಿಗಳು ಉದ್ದವನ್ನೋ ದಪ್ಪವನ್ನೋ ಅಳೆದು ಮಿತಿಯೊಳಗಿದ್ದರೆ ಮತ್ತೆ ಹಾಕಲು ಬಿಡುತ್ತವೆ. ಹಾಗೆ ಮ್ಯಾನ್ಯುಯಲ್‌ನಲ್ಲಿ ಬರೆದಿದ್ದರೆ ಮಾತ್ರ ಹಾಕಿ.

ಟಾರ್ಕ್ ರೆಂಚ್ ಬಗ್ಗೆ ಒಂದು ಮಾತು. ಅದರ ಮೇಲೆ ಎರಡು ಅಳತೆ ಇರುತ್ತವೆ, ನ್ಯೂಟನ್ ಮೀಟರ್ ಮತ್ತು ಫುಟ್ ಪೌಂಡ್. 40 ನ್ಯೂಟನ್ ಮೀಟರ್ ಅಂದರೆ 40 ಸೆಂಟಿಮೀಟರ್ ಉದ್ದದ ಹಿಡಿಯ ತುದಿಗೆ ಸುಮಾರು 10 ಕೆಜಿ ತೂಗುಹಾಕಿದಷ್ಟು ಬಲ. ಅದೇ 40ನ್ನು ಗೊತ್ತಾಗದೆ ಫುಟ್ ಪೌಂಡ್ ಕಡೆ ಇಟ್ಟರೆ 54 ನ್ಯೂಟನ್ ಮೀಟರ್ ಆಗುತ್ತದೆ. ಹಳೆಯ ಮ್ಯಾನ್ಯುಯಲ್‌ಗಳಲ್ಲಿ ಕೆಜಿ ಮೀಟರ್ ಇರುತ್ತದೆ. 1 ಕೆಜಿ ಮೀಟರ್ ಅಂದರೆ 9.8 ನ್ಯೂಟನ್ ಮೀಟರ್. ಯಾವ ಅಳತೆ ಅಂತ ಕೆಲಸಕ್ಕೆ ಮುಂಚೆ ಚೀಟಿಯಲ್ಲಿ ಬರೆದು ಕಣ್ಣೆದುರು ಅಂಟಿಸಿಕೊಳ್ಳಿ.

ಹಂತ 1: ತಣ್ಣಗಾದ ಮೇಲೆ ಬಿಚ್ಚಿ, ಹೊರಗಿನಿಂದ ಒಳಕ್ಕೆ

ಎಂಜಿನ್ ಪೂರ್ತಿ ತಣ್ಣಗಿರಬೇಕು. ರಾತ್ರಿಯಿಡೀ ಬಿಟ್ಟರೆ ಉತ್ತಮ. ಬಿಸಿ ಇರುವಾಗ ಬಿಚ್ಚಿದರೆ ಅಲ್ಯೂಮಿನಿಯಂ ಹೆಡ್ ಬಾಗುತ್ತದೆ. ಬ್ಯಾಟರಿ ವೈರ್ ತೆಗೆಯಿರಿ, ಕೂಲಂಟ್ ಇಳಿಸಿ.

ಬಿಚ್ಚುವ ಸರದಿ ಟೈಟ್ ಮಾಡುವ ಸರದಿಗೆ ತಿರುಗುಮುರುಗು. ತುದಿಯ ಬೋಲ್ಟ್‌ಗಳಿಂದ ಶುರು ಮಾಡಿ ನಡುವಿಗೆ ಬನ್ನಿ. ಒಂದೇ ಸಲ ಪೂರ್ತಿ ಬಿಚ್ಚಬೇಡಿ. ಎಲ್ಲವನ್ನೂ ಕಾಲು ಸುತ್ತು, ಮತ್ತೆ ಕಾಲು ಸುತ್ತು ಹೀಗೆ ಸಡಿಲಿಸಿ. ಬಿಚ್ಚಲು ಟಾರ್ಕ್ ರೆಂಚ್ ಬಳಸಬೇಡಿ, ಅದರ ಲೆಕ್ಕ ಕೆಡುತ್ತದೆ.

ಹಂತ 2: ಗ್ಯಾಸ್ಕೆಟ್ ಯಾಕೆ ಹೋಯಿತು ಅಂತ ನೋಡಿ

ಹಳೆ ಗ್ಯಾಸ್ಕೆಟ್ ಎಸೆಯುವ ಮುಂಚೆ ಬೆಳಕಿಗೆ ಹಿಡಿಯಿರಿ. ಎಲ್ಲಿ ಸುಟ್ಟಿದೆ, ಎಲ್ಲಿ ನೀರು ದಾಟಿದೆ ಅಂತ ಕಾಣುತ್ತದೆ. ರೇಡಿಯೇಟರ್ ಕಟ್ಟಿದೆಯಾ, ಫ್ಯಾನ್ ಓಡುತ್ತಿತ್ತಾ, ಥರ್ಮೋಸ್ಟಾಟ್ ತೆರೆಯುತ್ತಿತ್ತಾ ಅಂತಲೂ ಈಗಲೇ ನೋಡಿಬಿಡಿ. ಬಿಸಿಯಾದ ಮೂಲ ಕಾರಣ ಹಾಗೇ ಉಳಿದರೆ ಹೊಸ ಗ್ಯಾಸ್ಕೆಟ್ಟೂ ಬಾಳುವುದಿಲ್ಲ.

ಹಂತ 3: ಎರಡೂ ಮೈ ಚೊಕ್ಕ ಮಾಡಿ

ಹೆಡ್ ಮತ್ತು ಬ್ಲಾಕ್ ಕೂಡುವ ಮೈಯಲ್ಲಿ ಹಳೆ ಗ್ಯಾಸ್ಕೆಟ್‌ನ ಚೂರೂ ಉಳಿಯಬಾರದು. ಪ್ಲಾಸ್ಟಿಕ್ ಅಥವಾ ಹಿತ್ತಾಳೆಯ ಸ್ಕ್ರೇಪರ್‌ನಿಂದ ನಿಧಾನವಾಗಿ ಕೆರೆಯಿರಿ. ಬೇಗ ಆಗಲಿ ಅಂತ ಗ್ರೈಂಡರ್‌ಗೆ ಉಜ್ಜುವ ಡಿಸ್ಕ್ ಹಾಕುವವರಿದ್ದಾರೆ. ದಯವಿಟ್ಟು ಮಾಡಬೇಡಿ. ಅಲ್ಯೂಮಿನಿಯಂ ಮೆತ್ತಗಿನ ಲೋಹ, ಡಿಸ್ಕ್ ಹಿಡಿದ ಜಾಗ ತಗ್ಗಾಗುತ್ತದೆ. ಅದರ ಪುಡಿ ಆಯಿಲ್ ದಾರಿಗೆ ಇಳಿದರೆ ಬೇರಿಂಗ್‌ಗಳನ್ನೂ ತಿನ್ನುತ್ತದೆ.

ಚೊಕ್ಕವಾದ ಮೇಲೆ ಸ್ಟ್ರೇಟ್ ಎಡ್ಜ್ ಇಟ್ಟು ನೋಡಿ. ಉದ್ದಕ್ಕೆ ಎರಡು ಸಲ, ಅಡ್ಡಕ್ಕೆ ಎರಡು ಸಲ, ಮೂಲೆಯಿಂದ ಮೂಲೆಗೆ ಎರಡು ಸಲ. ಕೆಳಗೆ ಫೀಲರ್ ಗೇಜ್ ತೂರಿಸಿ. ಅನೇಕ ಎಂಜಿನ್‌ಗಳಲ್ಲಿ ಮಿತಿ 0.05 ಮಿಲಿಮೀಟರ್ ಇರುತ್ತದೆ. ಅದಕ್ಕಿಂತ ಜಾಸ್ತಿ ಸಂದು ಇದ್ದರೆ ಲೇತ್‌ಗೆ ಕೊಟ್ಟು ಫೇಸಿಂಗ್ ಮಾಡಿಸಬೇಕು, ಅಂದರೆ ಮೈಯನ್ನು ತುಸು ಕೆತ್ತಿಸಿ ಮಟ್ಟಸ ಮಾಡಿಸಬೇಕು. ಕೊಡುವ ಮುಂಚೆ ಮ್ಯಾನ್ಯುಯಲ್ ನೋಡಿ, ಕೆಲವು ಹೆಡ್‌ಗಳನ್ನು ಫೇಸಿಂಗ್ ಮಾಡಲು ಕಂಪನಿ ಒಪ್ಪುವುದೇ ಇಲ್ಲ. ಬಾಗಿದ ಹೆಡ್ಡನ್ನು ಬೋಲ್ಟ್ ಬಿಗಿದು ನೇರ ಮಾಡಲು ಆಗುವುದಿಲ್ಲ.

ಹಂತ 4: ಬೋಲ್ಟ್ ತೂತುಗಳು

ಜನ ಹಾರಿಬಿಡುವ ಹಂತ ಇದೇ. ಇದನ್ನು ಎರಡು ಸಲ ಓದಿ.

ಬ್ಲಾಕಿನ ಬೋಲ್ಟ್ ತೂತುಗಳು ಹೆಚ್ಚಾಗಿ ಕೆಳಗೆ ಮುಚ್ಚಿರುತ್ತವೆ. ಹೆಡ್ ಎತ್ತಿದಾಗ ಅವುಗಳೊಳಗೆ ಕೂಲಂಟ್, ಆಯಿಲ್ ಇಳಿದು ನಿಲ್ಲುತ್ತದೆ. ನೀರಾಗಲಿ ಆಯಿಲ್ ಆಗಲಿ ಒತ್ತಿದರೆ ಕುಗ್ಗುವುದಿಲ್ಲ. ಮೇಲಿನಿಂದ ಬೋಲ್ಟ್ ತಿರುಗಿಸುತ್ತಾ ಹೋದರೆ ಅದು ಪಂಪಿನ ಪಿಸ್ಟನ್ ಹಾಗೆ ಕೆಲಸ ಮಾಡುತ್ತದೆ. ರೆಂಚ್ ಟಕ್ ಅನ್ನುತ್ತದೆ, ಆದರೆ ಬಿಗಿಯಾಗಿರುವುದು ಹೆಡ್ ಅಲ್ಲ, ತೂತಿನ ತಳದ ನೀರು. ಇನ್ನೂ ತಿರುಗಿಸಿದರೆ ಬ್ಲಾಕ್ ಸೀಳುತ್ತದೆ. ಹೀಗೆ ಸೀಳಿದ ಬ್ಲಾಕನ್ನು ನಾನು ಕಣ್ಣಾರೆ ಕಂಡಿದ್ದೇನೆ. ಒಳಗೆ ನಿಂತಿದ್ದುದು ಒಂದು ಚಮಚದಷ್ಟೂ ಇರಲಿಲ್ಲ.

ಒಂದೊಂದೇ ತೂತಿಗೆ ಬಟ್ಟೆ ಸುತ್ತಿದ ಕಡ್ಡಿ ಇಳಿಸಿ ಹೀರಿಸಿ. ಆಮೇಲೆ ಗಾಳಿ ಹೊಡೆಯಿರಿ. ಆಗ ಒಳಗಿದ್ದದ್ದೆಲ್ಲ ಮುಖಕ್ಕೇ ಹಾರುತ್ತದೆ, ಕನ್ನಡಕ ಹಾಕಿಕೊಳ್ಳಿ, ತೂತಿನ ಮೇಲೆ ಬಟ್ಟೆ ಹಿಡಿಯಿರಿ. ಸಿಲಿಂಡರ್‌ಗಳನ್ನೂ ಆಯಿಲ್ ದಾರಿಗಳನ್ನೂ ಮೊದಲೇ ಮುಚ್ಚಿರಿ. ಟಾರ್ಚ್ ಬಿಟ್ಟು ತಳ ಒಣಗಿದೆಯಾ ನೋಡಿ.

ಥ್ರೆಡ್‌ನಲ್ಲಿ ಕೊಳೆ ಕಟ್ಟಿದ್ದರೆ ಥ್ರೆಡ್ ಚೇಸರ್ ಹಾಕಿ. ಇದು ಕಸ ಮಾತ್ರ ತೆಗೆಯುವ ಸಾಧನ. ಹೊಸ ಥ್ರೆಡ್ ಕೊರೆಯುವ ಟ್ಯಾಪ್ ಹಾಕಬೇಡಿ, ಅದು ಲೋಹವನ್ನೇ ಕೊರೆದು ಥ್ರೆಡ್ ಸಡಿಲ ಮಾಡುತ್ತದೆ. ಚೇಸರ್ ಸಿಗದಿದ್ದರೆ ಒಂದು ಹಳೆ ಬೋಲ್ಟಿನ ಥ್ರೆಡ್‌ಗೆ ಉದ್ದಕ್ಕೆ ಎರಡು ಗೀರು ಕೊಯ್ದು ಕೈಯಲ್ಲೇ ತಿರುಗಿಸಿ ತೆಗೆಯಬಹುದು. ಕೊನೆಗೆ ಹೊಸ ಬೋಲ್ಟ್ ಪ್ರತಿ ತೂತಿನಲ್ಲೂ ಬರೀ ಬೆರಳಿನಿಂದ ಸಲೀಸಾಗಿ ಇಳಿಯಬೇಕು. ಎಲ್ಲಾದರೂ ಹಿಡಿದರೆ ಅಲ್ಲಿ ಇನ್ನೂ ಕೆಲಸ ಬಾಕಿ ಇದೆ ಅಂತ.

ಹಂತ 5: ಪಿಸ್ಟನ್‌ಗಳನ್ನು ನಡುವಿಗೆ ತನ್ನಿ

ಟೈಮಿಂಗ್ ಚೈನ್ ಬಿಚ್ಚಿರುವುದರಿಂದ ಕೆಲವು ವಾಲ್ವ್‌ಗಳು ತೆರೆದಿರಬಹುದು. ಪಿಸ್ಟನ್ ಮೇಲ್ತುದಿಯಲ್ಲಿದ್ದರೆ ಹೆಡ್ ಕೂರಿಸುವಾಗ ವಾಲ್ವ್ ತಾಗಿ ಬಾಗುತ್ತದೆ. ನಾಲ್ಕು ಸಿಲಿಂಡರ್‌ನಲ್ಲಿ ಕ್ರ್ಯಾಂಕನ್ನು (ಪಿಸ್ಟನ್‌ಗಳನ್ನು ಮೇಲೆ ಕೆಳಗೆ ಆಡಿಸುವ ದಂಡ) ಮೇಲ್ತುದಿಯಿಂದ 90 ಡಿಗ್ರಿ ತಿರುಗಿಸಿದರೆ ನಾಲ್ಕೂ ಪಿಸ್ಟನ್ ಒಂದೇ ಮಟ್ಟಕ್ಕೆ ಬಂದು ನಿಲ್ಲುತ್ತವೆ. ಮೂರು ಸಿಲಿಂಡರ್‌ನಲ್ಲಿ ಹಾಗಾಗುವುದಿಲ್ಲ, ಮ್ಯಾನ್ಯುಯಲ್ ಹೇಳಿದ ಗುರುತಿಗೆ ನಿಲ್ಲಿಸಿ.

ಹಂತ 6: ಗ್ಯಾಸ್ಕೆಟ್ ಮತ್ತು ಹೆಡ್ ಕೂರಿಸಿ

ಅನೇಕ ಡೀಸೆಲ್ ಎಂಜಿನ್‌ಗಳಿಗೆ ಗ್ಯಾಸ್ಕೆಟ್ ಎರಡು ಮೂರು ದಪ್ಪದಲ್ಲಿ ಬರುತ್ತದೆ. ಪಿಸ್ಟನ್ ಬ್ಲಾಕಿನಿಂದ ಎಷ್ಟು ಮೇಲೆ ಬರುತ್ತದೆ ಅನ್ನುವುದರ ಮೇಲೆ ದಪ್ಪ ಆರಿಸುತ್ತಾರೆ. ಗ್ಯಾಸ್ಕೆಟ್ ಅಂಚಿನಲ್ಲಿರುವ ಸಣ್ಣ ತೂತು ಅಥವಾ ಕಚ್ಚುಗಳ ಎಣಿಕೆ ಆ ದಪ್ಪದ ಗುರುತು. ಹಳೆಯದರಲ್ಲಿ ಎಷ್ಟಿದೆಯೋ ಹೊಸದರಲ್ಲೂ ಅಷ್ಟೇ ಇರಬೇಕು. ಫೇಸಿಂಗ್ ಮಾಡಿಸಿದ್ದರೆ ಅಥವಾ ಪಿಸ್ಟನ್ ಬದಲಿಸಿದ್ದರೆ ಮತ್ತೆ ಅಳೆದು ಆರಿಸಿ.

ಯಾವ ಮೈ ಮೇಲೆ ಬರಬೇಕು ಅಂತ ಗ್ಯಾಸ್ಕೆಟ್ ಮೇಲೇ ಬರೆದಿರುತ್ತಾರೆ. ‘ಟಾಪ್’ ಅಂತ ಇರಬಹುದು, ಜರ್ಮನ್ ಎಂಜಿನ್‌ಗಳಲ್ಲಿ ‘ಓಬೆನ್’, ಫಿಯೆಟ್‌ನವುಗಳಲ್ಲಿ ‘ಆಲ್ಟೊ’. ಇಟಾಲಿಯನ್ ಭಾಷೆಯಲ್ಲಿ ಆಲ್ಟೊ ಅಂದರೆ ಮೇಲೆ ಅಂತ. ನಮ್ಮಲ್ಲಿ ಅದನ್ನು ನೋಡಿ ಆಲ್ಟೊ ಕಾರಿನ ಗ್ಯಾಸ್ಕೆಟ್ ಕೊಟ್ಟಿದ್ದಾರೆ ಅಂತ ಗಾಬರಿಯಾಗುವುದು ಸಹಜ. ಆ ಅಕ್ಷರ ನಿಮಗೆ ಕಾಣುವಂತೆ ಕೂರಿಸಿ. ಆಯಿಲ್ ತೂತು ಸರಿಯಾಗಿ ಕೂಡಿದೆಯಾ ನೋಡಿ.

ಪದರ ಪದರ ಉಕ್ಕಿನ ಗ್ಯಾಸ್ಕೆಟ್‌ಗೆ ಗ್ರೀಸ್, ಸೀಲಂಟ್ ಏನೂ ಬೇಡ. ಮ್ಯಾನ್ಯುಯಲ್ ಹೇಳಿದ ಜಾಗ ಇದ್ದರೆ ಅಲ್ಲಿ ಮಾತ್ರ. ಒಣಗಿದ, ಚೊಕ್ಕ ಮೈ ಮೇಲೆ ಒಣ ಗ್ಯಾಸ್ಕೆಟ್.

ಹೆಡ್ ಎತ್ತಲು ಇಬ್ಬರು ಬೇಕು. ಬ್ಲಾಕಿನಲ್ಲಿರುವ ಡೋವೆಲ್‌ಗಳ ಮೇಲೆ ನೇರವಾಗಿ ಇಳಿಸಿ. ಡೋವೆಲ್ ಅಂದರೆ ಹೆಡ್ ಜಾಗ ತಪ್ಪದಂತೆ ಹಿಡಿಯುವ ಸಣ್ಣ ಕೊಳವೆ. ಗ್ಯಾಸ್ಕೆಟ್ ಮೇಲೆ ಹೆಡ್ ಎಳೆದಾಡಬೇಡಿ. ಅದು ತಾನಾಗಿ ಸಮನಾಗಿ ಕೂರಬೇಕು. ಒಂದು ಕಡೆ ಎದ್ದಿದ್ದರೆ ಬೋಲ್ಟ್ ಬಿಗಿದು ಕೂರಿಸಲು ಹೋಗಬೇಡಿ, ಎತ್ತಿ ಮತ್ತೆ ನೋಡಿ.

ಹಂತ 7: ಬೋಲ್ಟ್‌ಗೆ ಆಯಿಲ್, ಎಷ್ಟು?

ಎಣ್ಣೆ ಹಚ್ಚಿದ ಥ್ರೆಡ್‌ಗೂ ಒಣ ಥ್ರೆಡ್‌ಗೂ ಒಂದೇ ಟಾರ್ಕ್‌ನಲ್ಲಿ ಸಿಗುವ ಹಿಡಿತ ಬೇರೆ ಬೇರೆ. ಹೆಚ್ಚಿನ ಕಂಪನಿಗಳು ಥ್ರೆಡ್‌ಗೂ ಬೋಲ್ಟ್ ತಲೆಯ ಕೆಳಗೂ ತೆಳುವಾಗಿ ಎಂಜಿನ್ ಆಯಿಲ್ ಹಚ್ಚಲು ಹೇಳುತ್ತವೆ. ಕೆಲವು ಹೊಸ ಬೋಲ್ಟ್‌ಗಳು ಮೊದಲೇ ಲೇಪ ಹಚ್ಚಿಕೊಂಡು ಬರುತ್ತವೆ, ಅವಕ್ಕೆ ಏನೂ ಹಚ್ಚಬಾರದು. ಬೋಲ್ಟ್ ತೂತು ನೀರಿನ ದಾರಿಗೆ ತೆರೆದುಕೊಂಡಿರುವ ಎಂಜಿನ್‌ಗಳಲ್ಲಿ ಥ್ರೆಡ್‌ಗೆ ಸೀಲಂಟ್ ಬೇಕಾಗುತ್ತದೆ.

ಆಯಿಲ್ ಹಚ್ಚುವುದಾದರೆ ಬೆರಳಿಗೆ ತಾಗುವಷ್ಟು ಸಾಕು. ಅದ್ದಿ ತೆಗೆದರೆ ತೊಟ್ಟಿಕ್ಕಿ ತೂತಿನ ತಳ ಸೇರುತ್ತದೆ, ಮತ್ತೆ ಹಂತ 4ರ ಕಥೆ.

ಹಂತ 8: ಟೈಟ್ ಮಾಡುವುದು

ಎಲ್ಲ ಬೋಲ್ಟ್‌ಗಳನ್ನೂ ಮೊದಲು ಕೈಯಲ್ಲೇ ಇಳಿಸಿ, ತಲೆ ಹೆಡ್‌ಗೆ ತಾಗುವವರೆಗೆ. ಗಾಳಿಯ ಬಲದಿಂದ ಬೋಲ್ಟ್ ತಿರುಗಿಸುವ ಗನ್ ಹತ್ತಿರಕ್ಕೂ ತರಬೇಡಿ.

ಸರದಿ ಯಾವಾಗಲೂ ನಡುವಿನಿಂದ ಹೊರಕ್ಕೆ. ಗೋಡೆಗೆ ಪೋಸ್ಟರ್ ಅಂಟಿಸುವಾಗ ನಡುವಿನಿಂದ ಅಂಚಿಗೆ ಸವರುತ್ತೀರಿ, ಅಲ್ವಾ? ಅಂಚು ಮೊದಲು ಒತ್ತಿದರೆ ನಡುವೆ ಗಾಳಿ ಉಬ್ಬಿ ನಿಲ್ಲುತ್ತದೆ. ಗ್ಯಾಸ್ಕೆಟ್ ಕೂಡ ಹಾಗೇ. ಎರಡು ಸಾಲಿನಲ್ಲಿ ಐದೈದು ಬೋಲ್ಟ್ ಇದ್ದರೆ ನಡುವಿನ ಎರಡು ಮೊದಲು. ಆಮೇಲೆ ಅವುಗಳ ಅಕ್ಕಪಕ್ಕದವು, ಒಮ್ಮೆ ಆ ಕಡೆ ಒಮ್ಮೆ ಈ ಕಡೆ. ಕೊನೆಗೆ ಮೂಲೆಯವು. ಮ್ಯಾನ್ಯುಯಲ್‌ನ ಚಿತ್ರ ನೋಡಿ ಹೆಡ್ ಮೇಲೆ ಪ್ರತಿ ಬೋಲ್ಟ್ ಪಕ್ಕ ಮಾರ್ಕರ್‌ನಿಂದ ನಂಬರ್ ಬರೆದುಬಿಡಿ. ನೆನಪಿನ ಮೇಲೆ ನಂಬಿಕೆ ಇಡಬೇಡಿ.

ಮಲ್ಟಿಜೆಟ್‌ಗೆ ಕೊಡುವ ಕ್ರಮ 40 ನ್ಯೂಟನ್ ಮೀಟರ್, ಆಮೇಲೆ 90 ಡಿಗ್ರಿ, ಮತ್ತೆ 90 ಡಿಗ್ರಿ. ನಿಮ್ಮ ಕಾರಿನ ಮ್ಯಾನ್ಯುಯಲ್‌ನೊಂದಿಗೆ ತಾಳೆ ನೋಡಿಕೊಳ್ಳಿ. ನಾನು ಮಾಡುವುದು ಹೀಗೆ:

ಮೊದಲ ಸುತ್ತು: 20ಕ್ಕೆ ಇಟ್ಟು ಸರದಿಯಂತೆ ಎಲ್ಲ ಬೋಲ್ಟ್. ಹೆಡ್ ಸಮನಾಗಿ ಕೂರಲಿ ಅಂತ ಈ ಸುತ್ತು.

ಎರಡನೇ ಸುತ್ತು: 40ಕ್ಕೆ ಇಟ್ಟು ಅದೇ ಸರದಿ. ರೆಂಚಿನ ಹಿಡಿಯ ನಡುವೆ ಕೈ ಇಟ್ಟು ನಿಧಾನವಾಗಿ, ಜರ್ಕ್ ಇಲ್ಲದೆ ಎಳೆಯಿರಿ. ಮೊದಲ ಟಕ್‌ಗೆ ನಿಲ್ಲಿಸಿ. ಇನ್ನೊಮ್ಮೆ ಟಕ್ ಅನ್ನಿಸಿದರೆ ಸಮಾಧಾನ ಆಗಬಹುದು, ಆದರೆ ಬೋಲ್ಟ್ ಅಷ್ಟು ಜಾಸ್ತಿ ತಿರುಗಿರುತ್ತದೆ. ಹಿಡಿಗೆ ಪೈಪ್ ತೂರಿಸಬೇಡಿ. ಈ ಸುತ್ತು ಮುಗಿದ ಮೇಲೆ ಒಮ್ಮೆ ಸರದಿಯಂತೆ ಎಲ್ಲದರ ಮೇಲೂ ರೆಂಚ್ ಇಟ್ಟು ನೋಡಿ. ಗ್ಯಾಸ್ಕೆಟ್ ಒತ್ತಿಕೊಂಡಂತೆ ಮೊದಲ ಬೋಲ್ಟ್‌ಗಳು ತುಸು ಸಡಿಲವಾಗಿರಬಹುದು.

ಈಗ ಪೇಂಟ್. ಎಲ್ಲ ಬೋಲ್ಟ್ ತಲೆಯ ಮೇಲೂ ಒಂದೇ ದಿಕ್ಕಿಗೆ ಚುಕ್ಕೆ ಇಡಿ. ರೇಡಿಯೇಟರ್ ಕಡೆಗೆ ಅಂತಿಟ್ಟುಕೊಳ್ಳಿ. ಒಣಗಲು ಬಿಡಿ.

ಮೂರನೇ ಸುತ್ತು: ಟಾರ್ಕ್ ರೆಂಚ್ ಕೆಳಗಿಡಿ, ಉದ್ದ ಬಾರ್ ತೆಗೆದುಕೊಳ್ಳಿ. ಸರದಿಯಂತೆ ಒಂದೊಂದನ್ನೂ 90 ಡಿಗ್ರಿ, ಅಂದರೆ ಕಾಲು ಸುತ್ತು. ಆದಷ್ಟೂ ಒಂದೇ ಎಳೆತದಲ್ಲಿ. ಮುಗಿದಾಗ ಎಲ್ಲ ಚುಕ್ಕೆಗಳೂ ಒಂದೇ ಪಕ್ಕಕ್ಕೆ ತಿರುಗಿರಬೇಕು. ಒಂದು ಚುಕ್ಕೆ ಬೇರೆ ಕಡೆ ನೋಡುತ್ತಿದ್ದರೆ ಅದು ಬಿಟ್ಟುಹೋದ ಬೋಲ್ಟ್.

ನಾಲ್ಕನೇ ಸುತ್ತು: ಮತ್ತೆ 90 ಡಿಗ್ರಿ. ಇಲ್ಲಿ ಬಲ ಸಾಕಷ್ಟು ಬೇಕು. ಎಂಜಿನ್ ಸ್ಟ್ಯಾಂಡ್ ಮೇಲಿದ್ದರೆ ಇನ್ನೊಬ್ಬರು ಹಿಡಿದುಕೊಳ್ಳಲಿ. ಚುಕ್ಕೆಗಳೆಲ್ಲ ಈಗ ರೇಡಿಯೇಟರ್‌ಗೆ ಬೆನ್ನು ಹಾಕಿರುತ್ತವೆ.

ಈ ಸುತ್ತುಗಳಲ್ಲಿ ಕೈಗೆ ಬರುವ ಬಿಗಿಗೆ ಗಮನ ಕೊಡಿ. ಎಲ್ಲ ಬೋಲ್ಟ್‌ಗಳೂ ಹೆಚ್ಚುಕಡಿಮೆ ಒಂದೇ ಥರ ಎದುರು ಕೊಡಬೇಕು. ಒಂದು ಮಾತ್ರ ಬೆಣ್ಣೆಯಲ್ಲಿ ತಿರುಗಿದಂತೆ ಸಲೀಸಾಗಿ ಹೋದರೆ ಬ್ಲಾಕಿನ ಥ್ರೆಡ್ ಕಿತ್ತುಬರುತ್ತಿದೆ ಅಥವಾ ಬೋಲ್ಟ್ ಮಿತಿ ಮೀರಿ ಎಳೆದುಹೋಗುತ್ತಿದೆ. ಅಲ್ಲೇ ನಿಲ್ಲಿಸಿ. ಒಂದು ಕಿರ್ ಕಿರ್ ಅಂತ ತಡೆದು ತಡೆದು ತಿರುಗಿದರೆ ತೂತಿನಲ್ಲಿ ಕಸ ಇದೆ. ಎರಡರಲ್ಲೂ ಬಿಚ್ಚಿ ನೋಡುವುದೇ ದಾರಿ. ಎಷ್ಟು ತಿರುಗಿಸಿದೆ ಅಂತ ಲೆಕ್ಕ ತಪ್ಪಿದರೂ ಅಷ್ಟೇ. ಅಂದಾಜಿನಲ್ಲಿ ಹಿಂದಕ್ಕೆ ಸ್ವಲ್ಪ ತಿರುಗಿಸಿ ಸರಿಮಾಡಲು ಹೋಗಬೇಡಿ. ಒಂದು ಗ್ಯಾಸ್ಕೆಟ್, ಒಂದಿಷ್ಟು ಬೋಲ್ಟ್ ದಂಡವಾಗಬಹುದು. ಎಂಜಿನ್ ಮತ್ತೆ ಇಳಿಸುವ ಖರ್ಚಿನ ಮುಂದೆ ಅದು ಏನೂ ಅಲ್ಲ.

ಕೆಲಸ ಮುಗಿದ ಮೇಲೆ ಟಾರ್ಕ್ ರೆಂಚನ್ನು ಕಡೆಯ ಕಮ್ಮಿ ಗುರುತಿಗೆ ಇಳಿಸಿ ಡಬ್ಬಿಗೆ ಹಾಕಿ.

ಹಂತ 9: ಚಾಲೂ ಮಾಡಿದ ಮೇಲೆ

ಸ್ಟಾರ್ಟ್ ಮಾಡುವ ಮುಂಚೆ ಟೈಮಿಂಗ್ ಮತ್ತೊಮ್ಮೆ ನೋಡಿ, ಕೈಯಲ್ಲೇ ಕ್ರ್ಯಾಂಕ್ ಎರಡು ಸುತ್ತು ತಿರುಗಿಸಿ. ಹೊಸ ಆಯಿಲ್, ಫಿಲ್ಟರ್, ಕೂಲಂಟ್ ಹಾಕಿ, ಕೂಲಂಟ್ ದಾರಿಯಲ್ಲಿ ಸಿಕ್ಕಿದ ಗಾಳಿ ತೆಗೆಯಿರಿ. ಫ್ಯಾನ್ ಎರಡು ಸಲ ಓಡಿ ನಿಲ್ಲುವವರೆಗೆ ಐಡ್ಲಿಂಗ್‌ನಲ್ಲಿ ಬಿಡಿ. ಆಗಾಗ ಹೋಸ್ ಮುಟ್ಟಿ ನೋಡಿ. ಬಿಸಿಯಾಗುವ ಮುಂಚೆಯೇ ಕಲ್ಲಿನಂತೆ ಗಟ್ಟಿಯಾದರೆ ಸಿಲಿಂಡರ್‌ನ ಗಾಳಿ ಕೂಲಂಟ್‌ಗೆ ಸೇರುತ್ತಿದೆ. ಬಿಸಿ ಇರುವಾಗ ಮುಚ್ಚಳ ತೆಗೆಯಬೇಡಿ.

ಮಾರನೇ ಬೆಳಿಗ್ಗೆ ತಣ್ಣಗಿರುವಾಗ ಕೂಲಂಟ್ ಮಟ್ಟ ನೋಡಿ. ಒಳಗೆ ಉಳಿದ ಗಾಳಿ ಹೊರಬಂದು ಮೊದಲ ದಿನ ಸ್ವಲ್ಪ ಇಳಿಯಬಹುದು, ತುಂಬಿಸಿ. ಆಮೇಲೂ ದಿನಾ ಇಳಿಯುತ್ತಿದ್ದರೆ, ಅಥವಾ ಆಯಿಲ್ ಮುಚ್ಚಳದ ಒಳಗೆ ಹಾಲು ಬೆರೆತ ಕಾಫಿ ಬಣ್ಣದ ಲೋಳೆ ಕಂಡರೆ, ಗಾಡಿ ಓಡಿಸದೆ ನಿಲ್ಲಿಸಿ.

ಇನ್ನೊಂದು ಪ್ರಶ್ನೆ ಯಾವಾಗಲೂ ಬರುತ್ತದೆ: “500 ಕಿಲೋಮೀಟರ್ ಓಡಿದ ಮೇಲೆ ಮತ್ತೆ ಟೈಟ್ ಮಾಡಬೇಕಾ?” ಅಂಬಾಸಿಡರ್ ಕಾಲದ ಎಂಜಿನ್‌ಗಳಲ್ಲಿ ಮಾಡುತ್ತಿದ್ದರು. ಅವುಗಳಲ್ಲಿದ್ದುದು ಸ್ಟಡ್ (ಬ್ಲಾಕಿಗೆ ಕೂರಿಸಿದ, ತಲೆಯಿಲ್ಲದ ಬೋಲ್ಟ್) ಮತ್ತು ನಟ್, ಆಗಿನ ಗ್ಯಾಸ್ಕೆಟ್ ಬಿಸಿಗೆ ಕುಗ್ಗುತ್ತಿತ್ತು. ನಿಮ್ಮದು ಅಂಥ ಎಂಜಿನ್ ಆಗಿದ್ದು ಮ್ಯಾನ್ಯುಯಲ್ ಹೇಳಿದ್ದರೆ ಮಾಡಿ. ಸ್ಟ್ರೆಚ್ ಬೋಲ್ಟ್ ಇರುವ ಎಂಜಿನ್ನಿಗೆ ಮಾಡಬಾರದು. ‘ಸುಮ್ನೆ ಚೆಕ್ ಮಾಡ್ತೀನಿ’ ಅಂತ ಕೂಡ ರೆಂಚ್ ಇಡಬೇಡಿ. 180 ಡಿಗ್ರಿ ತಿರುಗಿಸಿದ ಬೋಲ್ಟ್ 40ಕ್ಕಿಂತ ಎಷ್ಟೋ ಮೇಲಿರುತ್ತದೆ, 40ಕ್ಕೆ ಇಟ್ಟ ರೆಂಚ್ ಬೋಲ್ಟ್ ಅಲ್ಲಾಡದೆಯೇ ಟಕ್ ಅನ್ನುತ್ತದೆ, ಅದರಿಂದ ಏನೂ ತಿಳಿಯುವುದಿಲ್ಲ. ಜಾಸ್ತಿಗೆ ಇಟ್ಟು ತಿರುಗಿಸಿದರೆ ಎಳೆಯಬಾರದಷ್ಟು ಎಳೆದಂತಾಗುತ್ತದೆ.